ಪೀಠವೇರಿದ ಕಾದಂಬರಿ

ನಮ್ಮ ಮನೆಯಲ್ಲಿ ಹೊಸ ಪುಸ್ತಕವನ್ನು ಓದುವುದಕ್ಕೆ ಮೊದಲು ಕೂರಿಸುತ್ತಿದ್ದೆವು. ಹೊಸ ಸೊಸೆಯನ್ನು ದೇವರ ಮುಂದೆ ಕೂರಿಸಿ ಕುಂಕುಮವಿಟ್ಟ ಮೇಲೆಯೇ ಒಳಮನೆಯ ಕೆಲಸಕ್ಕೆ ಕರೆಯುವಂತೆ ಪುಸ್ತಕಕ್ಕೂ ಒಂದು ಕ್ರಮವಿತ್ತು. ಬಂದ ದಿನವೇ ಅದನ್ನು ಮಡಿಬಟ್ಟೆಯಲ್ಲಿ ಸುತ್ತಿ ದೇವರ ಕೋಣೆಯ ಗೂಡಿನಲ್ಲಿ ಇಡುವುದು. ಮುಂದಿನ ಸೋಮವಾರ ಬಟ್ಟೆ ಬಿಚ್ಚದೆಯೇ ತಂದು ಮರದ ಮಡಿಸುವ ವ್ಯಾಸಪೀಠದ ಮೇಲಿರಿಸಿ ವಿಭೂತಿ, ಪತ್ರೆಗಳಿಂದ ಪೂಜಿಸುವುದು. ಆಮೇಲೆ ಓದುವವರು ಎಲ್ಲರೆದುರಿಗೆ ಅದನ್ನು ಬಿಚ್ಚಿ ಮೊದಲ ಪುಟದಿಂದ ಗಟ್ಟಿಯಾಗಿ ಓದುವುದು. ಪೀಠವೇರಿದ ಪುಸ್ತಕ ಮಂಗಳವಾಗದೆ ಕೆಳಗಿಳಿಯುವಂತಿರಲಿಲ್ಲ. ನಡುವೆ ಬಿಟ್ಟರೆ, ಊಟಕ್ಕೆ ಕುಳಿತವರನ್ನು ಎಲೆಯ ಮುಂದಿನಿಂದ ಎಬ್ಬಿಸಿದಷ್ಟು ದೋಷವೆಂದು ಹಿರಿಯರು ನಂಬಿದ್ದರು. ಈ ಕ್ರಮವನ್ನು ನಾನು ಇಂದಿಗೂ ಬಿಟ್ಟಿಲ್ಲ. ನಗಿಸುತ್ತ ಪ್ರೇಮದ ಕತೆ ಹೇಳುವ ಹೊಸಗಾಲದ ಕಾದಂಬರಿಗಳ ಪರಿಚಯ ನನಗಾದದ್ದು ಈ ಕ್ರಮದಿಂದಲೇ ಎಂದರೆ ಈಗಿನವರು ನಂಬುವುದು ಕಷ್ಟ.

ನನ್ನ ತವರು ಅಕ್ಕಲಕೋಟ. ಅಂದು ಅದು ಅರಸರ ಸಂಸ್ಥಾನ. ನನ್ನ ತೀರ್ಥರೂಪರು ಅಲ್ಲಿನ ಮಠವೊಂದರಲ್ಲಿ ಪುರಾಣಿಕರಾಗಿದ್ದರು. ಪುರಾಣ ಹೇಳುವುದು ಎರಡು ಆಸನಗಳ ಕೆಲಸ. ಒಬ್ಬರು ರಾಗವಾಗಿ ಪದ್ಯ ಓದುವವರು. ಅವರ ಬಲಗಡೆ ಕುಳಿತು ಅರ್ಥ ಬಿಡಿಸಿ ಹೇಳುವವರು ಇನ್ನೊಬ್ಬರು. ತಂದೆಯವರದು ಅರ್ಥದ ಆಸನ. ಅವರು ಒಂದು ಪದ್ಯವನ್ನು ಎತ್ತಿಕೊಂಡರೆಂದರೆ ಅದರ ಒಂದೊಂದು ಪದವನ್ನೂ ಎಳೆಎಳೆಯಾಗಿ ಬಿಡಿಸಿ, ಮತ್ತೆ ಹೆಣೆದು, ಕೇಳುವವರ ಹೆಗಲಿಗೆ ಹೊದಿಸಿದಂತೆ ಇರುತ್ತಿತ್ತು. ಪಾಠಶಾಲೆಯ ಹುಡುಗರ ಜೊತೆಗೆ ನನ್ನನ್ನೂ ಕೂರಿಸಿಕೊಂಡು ಅಮರಕೋಶದ ಬಗೆಯ ನಿಘಂಟು, ವ್ಯಾಕರಣ, ಹಳಗನ್ನಡ ಕಾವ್ಯ, ಅಲಂಕಾರಶಾಸ್ತ್ರ ಎಲ್ಲವನ್ನೂ ಹೇಳಿಕೊಟ್ಟರು. ಹೆಣ್ಣುಮಗಳಿಗೆ ಇದೆಲ್ಲ ಏತಕ್ಕೆಂದು ಕೇಳಿದವರಿಗೆ, “ಕಲೀಲಿ ಬಿಡ್ರಿ. ನಮ್ಮ ಮನ್ಯಾಗ ಓದೂ ದನಿ ಒಂದು ಕಡಿಮಿ ಐತಿ,” ಎಂದಷ್ಟೇ ಹೇಳಿ ಪಾಠ ಮುಂದುವರಿಸುತ್ತಿದ್ದರು.

ಆ ದನಿಯೇ ನನ್ನನ್ನು ಸೊಲ್ಲಾಪುರಕ್ಕೆ ತಂದಿತು. ನನ್ನನ್ನು ನೋಡಲು ಬಂದಿದ್ದ ಅತ್ತೆಯವರು ಅಡಿಗೆಯ ಮಾತೆತ್ತಲಿಲ್ಲ. “ಅಡಿಗಿ ಯಾರರ ಕಲಿಸ್ತಾರ. ನಾಕ ಪದ್ಯ ಓದಿ ತೋರಸು,” ಎಂದರು. ಓದಿದೆ. ಕಣ್ಣು ಮುಚ್ಚಿ ಕೇಳಿ, ನನ್ನ ಮುಖವನ್ನು ಸರಿಯಾಗಿ ನೋಡದೆಯೇ ಒಪ್ಪಿಕೊಂಡು ಹೋದರು. ಸ್ವತಃ ಅವರಿಗೆ ಅಕ್ಷರ ಬರುತ್ತಿರಲಿಲ್ಲ. ಆದರೆ ಅಕ್ಷರವಿದ್ದ ಕಾಗದ ನೆಲಕ್ಕೆ ಬಿದ್ದರೆ ಎತ್ತಿ ಕಣ್ಣಿಗೊತ್ತಿಕೊಳ್ಳುತ್ತಿದ್ದರು.

ಸೊಲ್ಲಾಪುರದ ಆ ಮನೆ ನೂಲಿನ ವ್ಯಾಪಾರದ ಮನೆ. ಮಾವನವರು ಶಿವಾಧೀನರಾದ ಮೇಲೆ ಅಂಗಡಿಯ ಭಾರ ಅವರ ತಮ್ಮನ ಮೇಲೆ, ನಾವೆಲ್ಲ ಕಾಕಾ ಎಂದು ಕರೆಯುತ್ತಿದ್ದವರ ಮೇಲೆ ಬಿದ್ದಿತ್ತು. ಮಧ್ಯಾಹ್ನ ಗಿರಣಿಯ ಸೀಟಿ, ನಮ್ಮ ಕಡೆಯ ಮಾತಿನಲ್ಲಿ ಭೋಂಗಾ, ಕೂಗಿದ ಮೇಲೆ ನಮ್ಮ ಪಡಸಾಲೆಯಲ್ಲಿ ಓಣಿಯ ಹೆಣ್ಣುಮಕ್ಕಳು ಸೇರುತ್ತಿದ್ದರು. ಪೀಠದ ಮುಂದೆ ದೀಪ. ಪೀಠದ ಹಿಂದೆ ನಾನು. ಅತ್ತೆಯವರ ಅತ್ತೆ ಆರಂಭಿಸಿದ್ದ ಈ ಕೂಟ ತಾವಿರುವವರೆಗೆ ನಿಲ್ಲಬಾರದೆಂಬುದು ಅತ್ತೆಯವರ ಹರಕೆಯಂತಿತ್ತು. ಅರ್ಥ ಹೇಳುವ ಆಸನ ಮಾತ್ರ ನಮ್ಮಲ್ಲಿ ಖಾಲಿ. ಆದರೂ ಅಲ್ಲಿ ಒಂದು ಚಾಪೆ ಹಾಸಿಯೇ ಇರುತ್ತಿತ್ತು.

ಇಪ್ಪತ್ತರ ದಶಕ ಮುಗಿಯುತ್ತ ಬಂದಂತೆ ಆ ಪಡಸಾಲೆ ಬರಿದಾಗತೊಡಗಿತು. ಓಣಿಯ ಸೊಸೆಯಂದಿರೆಲ್ಲ ಮರಾಠಿ ಶಾಲೆಯಲ್ಲಿ ಕಲಿತವರು. ಮನೆಯಲ್ಲಿ ಕನ್ನಡ ಆಡುವರು, ಓದುವುದು ಮಾತ್ರ ಮರಾಠಿ ಕಾದಂಬರಿ. ಹಳೆಯ ಷಟ್ಪದಿ ಅವರ ಕಿವಿಯ ಹೊರಗೇ ನಿಂತುಬಿಡುತ್ತಿತ್ತು. ಅವರು ಒಬ್ಬೊಬ್ಬರಾಗಿ ಬಿಟ್ಟರು. ಉಳಿದವರು ಹಲ್ಲು ಹೋದ ಹಿರಿಯರು, ಅವರಲ್ಲಿಯೂ ಕೆಲವರು ದೀಪದ ಕಾವಿಗೆ ತೂಕಡಿಸುವವರು.

ಕಾಕಾ ಒಂದು ದಿನ ಬಾಗಿಲಲ್ಲಿ ನಿಂತು ನೋಡಿ ತಮ್ಮ ಅತ್ತಿಗೆಗೆ, “ವೈನಿ, ಪೀಠದ ಮುಂದ ಕುಂತವರಿಗಿಂತ ಪೀಠದ ಕಾಲ ಜಾಸ್ತಿ ಅದಾವಲ್ಲ,” ಎಂದರು.

ಅತ್ತೆಯವರು ದೀಪಕ್ಕೆ ಎಣ್ಣೆ ಹಾಕಿದರು.

“ಖರೇ ಹೇಳ್ತೀನಿ. ಇದನ್ನ ಮಠಕ್ಕ ಕೊಟ್ಟಬಿಡೂಣು. ಅಲ್ಲೆರ ನಾಕ ಮಂದಿ ಕೇಳ್ತಾರ. ಪಡಸಾಲ್ಯಾಗ ನೂಲಿನ ಗಂಟರ ಇಡಾಕ ಬರತೈತಿ.”

“ದೀಪಾವಳಿ ತನಾ ತಡಿ ತಮ್ಮಾ,” ಎಂದರು ಅತ್ತೆ. “ಅಷ್ಟರಾಗ ಮಂದಿ ಬರಲಿಲ್ಲಂದ್ರ ನಾನ ನಿನ್ನ ಕೈಯಾಗ ಕೊಡ್ತೀನಿ.”

ಕೊಟ್ಟ ಮಾತನ್ನು ಅವರು ಎಂದೂ ತಪ್ಪಿದವರಲ್ಲ. ಆದ್ದರಿಂದಲೇ ನನಗೆ ಭಯವಾಯಿತು. ಆ ಪೀಠ ಹೋದರೆ ಆ ಮನೆಯಲ್ಲಿ ನನ್ನ ವಿದ್ಯೆಗೆ ಕುಳಿತುಕೊಳ್ಳಲು ಬೇರೆ ಜಾಗವಿರಲಿಲ್ಲ. ಅತ್ತೆಯವರ ಬದುಕಿಗೆ ಮಧ್ಯಾಹ್ನವೆಂಬುದೇ ಇರುತ್ತಿರಲಿಲ್ಲ.

ಆ ವರ್ಷ ಅತ್ತೆಯವರು ಅಕ್ಕಲಕೋಟದ ಯಾತ್ರೆಗೆ ಓಣಿಯವರೊಂದಿಗೆ ಹೋಗಿದ್ದರು. ಹಿಂದಿರುಗುವಾಗ ಹೋಟಗಿ ನಿಲ್ದಾಣದಲ್ಲಿ ರೈಲು ಬಹಳ ಹೊತ್ತು ನಿಂತಿತು. ಹೋಟಗಿ ಎಂದರೆ ವಿಜಾಪುರ, ಗದಗದ ಕಡೆಯಿಂದ ಬರುವ ಸಣ್ಣ ಗಾಡಿ ನಮ್ಮ ದೊಡ್ಡ ಗಾಡಿಯನ್ನು ಕೂಡುವ ಜಾಗ. ಆ ಸಣ್ಣ ಗಾಡಿಯಿಂದ ಇಳಿದ ಪುಸ್ತಕದ ವ್ಯಾಪಾರಿಯೊಬ್ಬ ಗಾಡಿಯ ಪಕ್ಕದ ಫಲಾಟದ ಮೇಲೆ ಟ್ರಂಕು ತೆರೆದು ಕುಳಿತಿದ್ದನಂತೆ. ಕನ್ನಡ ಪುಸ್ತಕಗಳೆಂದು ತಿಳಿದು ಅತ್ತೆಯವರು ಗಾಡಿಯಿಂದ ಇಳಿದೇ ಹೋದರು. ಹೊಸದು ಏನಿದೆ ಎಂದು ಕೇಳಿದರು.

“ಮದವಿ ಕತಿ ಐತ್ರಿ ತಾಯಿ. ಧಾರವಾಡದ ಕಡೆ ಎಲ್ಲಾರೂ ಇದನ್ನ ಒಯ್ಯಾಕತ್ತಾರ.”

ಹೊಸದಾಗಿ ಅಚ್ಚಾದ ಮದುವೆಯ ಕತೆ ಎಂದರೆ ಅತ್ತೆಯವರ ಪಾಲಿಗೆ ಶಿವಪಾರ್ವತಿಯರದೇ. ಅವರ ಲೆಕ್ಕದಲ್ಲಿ ಪುಸ್ತಕವಾಗುವಷ್ಟು ದೊಡ್ಡ ಮದುವೆ ಬೇರಾವುದೂ ನಡೆದಿರಲಿಲ್ಲ. ಸಾಲದ್ದಕ್ಕೆ ಹೊದಿಕೆಯ ಮೇಲೆ ಮುದ್ರಣಾಲಯದ ಗುರುತಾಗಿ ವೀಣೆ ಹಿಡಿದ ಸರಸ್ವತಿ ಕುಳಿತಿದ್ದಳು. ನಿಲ್ದಾಣದಲ್ಲಿಯೇ ಕೈಮುಗಿದು ಕೊಂಡು, ತಮ್ಮ ಮಡಿಸೀರೆಯಲ್ಲಿ ಸುತ್ತಿಕೊಂಡು ಬಂದರು. ಮನೆಗೆ ಬಂದವರೇ ಅದನ್ನು ಗೂಡಿಗೆ ಸೇರಿಸಿ, “ಹೊಸಾ ಮದವಿ ಕತಿ ತಂದೀನಿ. ಸೋಮವಾರ ಎಲ್ಲಾರೂ ಬರ್ರಿ ಅಂತ ಓಣಿತುಂಬ ಹೇಳಿ ಬಾ,” ಎಂದು ನನ್ನನ್ನು ಕಳುಹಿಸಿದರು. ಸೋಮವಾರಕ್ಕೆ ಮೊದಲು ಬಟ್ಟೆ ಬಿಚ್ಚುವ ಮಾತೇ ಇರಲಿಲ್ಲ.

ಹೊಸ ಪುಸ್ತಕವೆಂಬ ಸುದ್ದಿಗೆ ಆ ಸೋಮವಾರ ನಾಲ್ಕಾರು ಮಂದಿ ಹೆಚ್ಚಾಗಿಯೇ ಬಂದರು. ಮೂಲೆಯ ಮನೆಯ ಹೊಸ ಸೊಸೆಯನ್ನು ಅವಳ ಅತ್ತೆ ಬಲವಂತವಾಗಿ ಕರೆತಂದಿದ್ದಳು. ಪೂಜೆಯಾಯಿತು. ಆರತಿಯಾಯಿತು. ನಾನು ಬಟ್ಟೆ ಬಿಚ್ಚಿ, ಪುಸ್ತಕವನ್ನು ತಲೆಗೆ ಮುಟ್ಟಿಸಿ, ಮೊದಲ ಪುಟ ತೆರೆದು, ಅಭ್ಯಾಸದಂತೆ ರಾಗವೆತ್ತಿಯೇ ಆರಂಭಿಸಿದೆ. ಹುಬ್ಬಳ್ಳಿಯ ನಿಲ್ದಾಣದಿಂದ ಗಾಡಿ ಹೊರಟಾಗ ನಾಯಕನ ಒಂದು ಕಾಲಿನಲ್ಲಿ ಮಾತ್ರ ಬೂಟು ಇತ್ತೆಂಬುದು ಮೊದಲ ವಾಕ್ಯದ ತಾತ್ಪರ್ಯ. ಅದನ್ನು ಮಧ್ಯಮಾವತಿ ರಾಗದಲ್ಲಿ ಓದಿ ಮುಗಿಸಿದ ಮೇಲೆಯೇ ನನಗೆ ಅರ್ಥವಾದದ್ದು.

ಹಿರಿಯರು ಕಣ್ಣು ಮುಚ್ಚಿ ತಲೆದೂಗುತ್ತಲೇ ಇದ್ದರು. ಅವರಲ್ಲಿ ಎಲ್ಲರಿಗಿಂತ ಹಿರಿಯಳಾದ ಎದುರುಮನೆಯ ಕಾಕು ಮಾತ್ರ ಕಣ್ಣು ತೆರೆದು, “ಶಿವಾ ಯಾವಾಗ ಬರ್ತಾನವಾ?” ಎಂದಳು.

“ಇನ್ನಾ ಗಾಡಿ ನಿಂತಿಲ್ಲ ಕಾಕು,” ಎಂದಳು ಮೂಲೆಯ ಮನೆಯ ಸೊಸೆ, ಸೆರಗನ್ನು ಬಾಯಿಗೆ ಒತ್ತಿಕೊಂಡು.

ನಾನು ಓದು ನಿಲ್ಲಿಸಿ ಅತ್ತೆಯವರ ಕಡೆ ಬಾಗಿದೆ. “ಅತ್ತಿ, ಇದು ಪುರಾಣ ಅಲ್ರಿ. ಕಾದಂಬರಿ. ಈಗಿನ ಮಂದಿ ಲಗ್ನದ ಕತಿ.”

ಅತ್ತೆಯವರು ಪೀಠದ ಕಡೆ ಕೈತೋರಿದರು.

“ಪೂಜಿ ಆಗೇತಿಲ್ಲೋ?”

“ಆಗೇತ್ರಿ.”

“ಪೀಠದ ಮ್ಯಾಲ ಕುಂತೈತಿಲ್ಲೋ?”

“ಹೌದ್ರಿ.”

“ಹಂಗಾರ ಓದು. ಮಂಗಳ ಆಗೂ ತನಾ ನಾ ಅದನ್ನ ಇಳಸಂಗಿಲ್ಲ.”

“ರಾಗದಾಗ ಓದಲ್ಯೋ, ಹಂಗ ಓದಲ್ಯೋ?”

“ಬೂಟಿಗೆ ರಾಗ ಯಾಕ? ಹಂಗ ಓದು.”

ಹಾಗೆ ಓದಿದೆ. ಶಾಸ್ತ್ರ ಓದಿದ ನಾಲಗೆಗೆ ಆ ಗದ್ಯ ಮೊದಲು ಬರಿಗಾಲಿನಲ್ಲಿ ನಡೆದಂತೆ ಅನಿಸಿತು. ನಾಲ್ಕು ಪುಟ ಸರಿಯುವುದರಲ್ಲಿ ಆ ನಡಿಗೆಯ ಸುಖ ತಿಳಿಯಿತು. ನಾವು ಆಡುವ ಮಾತು, ನಾವು ಕಂಡ ನಿಲ್ದಾಣ, ನಮ್ಮಂಥವರದೇ ಮನೆ, ಅಚ್ಚಿನ ಅಕ್ಷರದಲ್ಲಿ. ಕತೆ ಇಷ್ಟೇ: ಮದುವೆಯೇ ಬೇಡವೆಂದು ಹಟ ಹಿಡಿದ ಒಬ್ಬ ಎಳೆಯ ವಕೀಲ, ಮದುವೆ ಬೇಡವೆಂದೇ ಹಟ ಹಿಡಿದ, ಹೆಣ್ಣುಮಕ್ಕಳ ಶಾಲೆಯ ಒಬ್ಬ ಶಿಕ್ಷಕಿ. ಗಾಡಿಯಲ್ಲಿ ಅವರ ಭೇಟಿಯಾಗುತ್ತದೆ. ತಮ್ಮಿಬ್ಬರನ್ನೇ ಜೋಡಿಸಲು ಎರಡು ಮನೆಯ ಹಿರಿಯರು ಹೊಂಚಿದ್ದಾರೆಂದು ಅಲ್ಲಿಯೇ ತಿಳಿಯುತ್ತದೆ. ಹೆಣ್ಣು ನೋಡುವ ದಿನ ನೀನು ನನ್ನನ್ನು ಒಲ್ಲೆನ್ನು, ನಾನು ನಿನ್ನನ್ನು ಒಲ್ಲೆನ್ನುವೆ ಎಂದು ಒಪ್ಪಂದ ಮಾಡಿಕೊಳ್ಳುತ್ತಾರೆ.

ಮರುದಿನ ಮೂಲೆಯ ಮನೆಯ ಸೊಸೆಯನ್ನು ಯಾರೂ ಕರೆತರಬೇಕಾಗಲಿಲ್ಲ. ಅವಳೇ ಇಬ್ಬರನ್ನು ಕರೆತಂದಳು. ಅವರು ಇನ್ನಷ್ಟು ಮಂದಿಯನ್ನು ಕರೆತಂದರು. ಮರಾಠಿ ಕಾದಂಬರಿಯ ಅಕ್ಕಂದಿರು ನೀರಿನ ನಲ್ಲಿಯ ಬಳಿ, “ಆ ವಕೀಲ ಏನ್ ಮಾಡಿದ ಗ?” ಎಂದು ಮರಾಠಿಯ ‘ಗ’ ಹಚ್ಚಿ ಒಬ್ಬರನ್ನೊಬ್ಬರು ಕೇಳತೊಡಗಿದರು. ಭೋಂಗಾ ಕೂಗುವ ಮೊದಲೇ ಪಡಸಾಲೆ ತುಂಬುತ್ತಿತ್ತು.

ಕಾಕಾ ಅಂಗಡಿಯಿಂದ ಬಂದವರು ಬಾಗಿಲಲ್ಲಿ ರಾಶಿಬಿದ್ದ ಚಪ್ಪಲಿ ಕಂಡು ಮೊದಲು ಸಂತೋಷಪಟ್ಟರಂತೆ. ಒಳಗೆ ಬಂದು ಒಂದು ಪುಟ ಕೇಳಿದ ಮೇಲೆ ಮುಖ ಬಿಗಿಯಾಯಿತು. ಮಂದಿ ಚದುರಿದ ಮೇಲೆ ಅತ್ತೆಯವರ ಮುಂದೆ ನಿಂತರು.

“ವೈನಿ, ದೇವರ ಪೀಠದ ಮ್ಯಾಲ ಹುಡುಗಾ ಹುಡಿಗಿ ಕತಿ ಓದಸಾಕತ್ತೀರಿ. ಊರ ಮಂದಿ ಏನಂದಾರು?”

“ಊರ ಮಂದೆಲ್ಲಾ ಇಲ್ಲೇ ಕುಂತಿತ್ತಲ್ಲೋ. ಕೇಳಬೇಕಾಗಿತ್ತು.”

“ಚೇಷ್ಟಾ ಬ್ಯಾಡ. ಇಂಥಾದಕ್ಕ ಪೀಠ ಇಡೂದಕ್ಕಿಂತ ಮಠಕ್ಕ ಕೊಡೂದು ಪುಣ್ಯ. ಅಕ್ಕಲಕೋಟದ ಪಂಡಿತರನ್ನ ಕರಸೂಣು. ಅವರು ಹೂಂ ಅಂದ್ರ ಹೂಂ. ಒಲ್ಲೆ ಅಂದ್ರ ಪೀಠ ಮರುದಿನ ಮಠಕ್ಕ.”

“ಆತು,” ಎಂದರು ಅತ್ತೆ. “ಬೀಗರ ಮಾತು ನನಗೂ ಮಾತ.”

ಅಕ್ಕಲಕೋಟದ ಪಂಡಿತರೆಂದರೆ ನನ್ನ ತಂದೆ. ಅಂದು ಸಂಜೆ ಕೆರೆಯ ನಡುವಿನ ಗುಡಿಗೆ ಹೋಗಿ ಕೈಮುಗಿದು ನಿಂತೆ. ಏನು ಬೇಡಬೇಕೆಂದೇ ತಿಳಿಯಲಿಲ್ಲ. ತಂದೆಯವರು ಹಳೆಯ ಕಾವ್ಯವಲ್ಲದೆ ಬೇರೊಂದನ್ನು ಕೈಯಲ್ಲಿ ಹಿಡಿದದ್ದನ್ನು ನಾನು ಕಂಡಿರಲಿಲ್ಲ. ಅವರು ತಪ್ಪನ್ನು ತಪ್ಪೆನ್ನುವವರು. ಮಗಳ ಮನೆಯೆಂದು ಮಾತು ತಿರುಗಿಸುವವರಲ್ಲ. ಅವರ ಬಾಯಿಂದ ಸುಳ್ಳು ಬರಲೆಂದು ಬೇಡಲಾರೆ, ನಿಜ ಬರಲೆಂದು ಬೇಡಲು ಧೈರ್ಯವಿಲ್ಲ. ಸುಮ್ಮನೆ ಪ್ರದಕ್ಷಿಣೆ ಹಾಕಿ ಬಂದೆ.

ತಂದೆಯವರು ಬಂದರು. ಕಾಲು ತೊಳೆದು, ಪೂಜೆ ಮುಗಿಸಿ, ಊಟಕ್ಕೆ ಕುಳಿತರು. ಊಟದುದ್ದಕ್ಕೂ ಕಾಕಾ ದೂರು ಹೇಳಿದರು. ತಂದೆಯವರು ಮಜ್ಜಿಗೆ ಕುಡಿದು, “ಕೇಳೂಣು,” ಎಂದರು, ಅಷ್ಟೇ.

ಭೋಂಗಾ ಕೂಗಿತು. ಪಡಸಾಲೆ ತುಂಬಿತು. ತಂದೆಯವರು ಹಿಂದೆ ಕಂಬಕ್ಕೊರಗಿ ಶಾಲು ಹೊದ್ದು ಕುಳಿತರು. ಅವರ ಪಕ್ಕದಲ್ಲಿ ಕಾಕಾ. ಅಂದಿನ ಓದಿಗೆ ಬಂದದ್ದು ಹೆಣ್ಣು ನೋಡುವ ಪ್ರಸಂಗವೇ. ವಕೀಲ ಒಲ್ಲೆನ್ನಲಿ ಎಂದು ಆ ಹುಡುಗಿ ಉಪ್ಪಿಟ್ಟಿಗೆ ಹಿಡಿಗಟ್ಟಲೆ ಉಪ್ಪು ಸುರಿದು ತಂದಿಡುತ್ತಾಳೆ. ಅವನ ಸೋದರಮಾವ ಒಂದು ತುತ್ತಿಗೇ ನೀರಿನ ತಂಬಿಗೆ ಹುಡುಕುತ್ತಾನೆ. ವಕೀಲ ಮಾತ್ರ ಒಂದು ಕಾಳೂ ಬಿಡದೆ ತಿಂದು, ತಾಟನ್ನು ಮುಂದೆ ಸರಿಸಿ, ಇನ್ನಷ್ಟು ಹಾಕಿರೆನ್ನುತ್ತಾನೆ. ಹೆಣ್ಣುಮಕ್ಕಳು ಒಬ್ಬರ ಮೇಲೊಬ್ಬರು ಬಿದ್ದು ನಕ್ಕರು. ನಾನು ಕಣ್ಣಂಚಿನಿಂದ ಕಂಬದ ಕಡೆ ನೋಡಿದೆ. ತಂದೆಯವರ ಮುಖ ಮಠದಲ್ಲಿ ಇರುವಂತೆಯೇ ಇತ್ತು.

ನಗೆ ಇಳಿದ ಮೇಲೆ ಎದುರುಮನೆಯ ಕಾಕು ಕೇಳಿದಳು: “ಅಲ್ಲವಾ, ಅಷ್ಟ ಉಪ್ಪಿದ್ರೂ ಎರಡನೇ ಸಲ ಯಾಕ ಬೇಡಿದ ಆಂವ? ಹುಚ್ಚಗಿಚ್ಚ ಅದಾನೇನ?”

ಉತ್ತರಿಸುವುದು ನನ್ನ ಕೆಲಸವಲ್ಲ. ಓದುವವರು ಓದಬೇಕು, ಕೇಳಿದ ಪ್ರಶ್ನೆ ಅರ್ಥದ ಆಸನಕ್ಕೆ ಸಲ್ಲಬೇಕು. ಎಲ್ಲರ ಕಣ್ಣೂ, ರೂಢಿಯ ಬಲದಿಂದಲೋ ಏನೋ, ನನ್ನ ಬಲಗಡೆಯ ಖಾಲಿ ಚಾಪೆಯ ಮೇಲೆ ಹೋಯಿತು.

ತಂದೆಯವರು ಎದ್ದರು. ಶಾಲು ಸರಿಪಡಿಸಿಕೊಂಡು ಹೆಣ್ಣುಮಕ್ಕಳ ನಡುವಿನ ದಾರಿಯಲ್ಲಿ ನಿಧಾನವಾಗಿ ನಡೆದು ಬಂದು, ಪೀಠಕ್ಕೆ ಕೈಮುಗಿದು, ಆ ಚಾಪೆಯ ಮೇಲೆ ಕುಳಿತರು.

“ಆ ಸಾಲು ಇನ್ನೊಮ್ಮೆ ಓದು ತಾಯಿ.”

ಓದಿದೆ.

“ಕೇಳ್ರಿ ತಾಯಂದಿರಾ,” ಎಂದು ಅವರು ಮಠದಲ್ಲಿ ಆರಂಭಿಸುವಂತೆಯೇ ಆರಂಭಿಸಿದರು. “ಈಕಿ ಉಪ್ಪು ಹಾಕಿದ್ದು ಒಲ್ಲೆ ಅನ್ನಾಕ. ಆಂವ ತಿಂದದ್ದು ಯಾಕ? ಈಕಿ ಮರ್ಯಾದಿ ನಾಕ ಮಂದ್ಯಾಗ ಹೋಗಬಾರದು ಅಂತ. ಅಲ್ಲೀತನಾ ಅದು ಸಜ್ಜನಿಕಿ. ಎರಡನೇ ಸಲ ಬೇಡಿದನಲ್ಲ, ಅದು ಸಜ್ಜನಿಕಿ ಅಲ್ಲ. ಬಾಯಿಲೆ ಹೇಳಾಕ ಆಗಲಾರದ್ದನ್ನ ಆಂವ ತಾಟಿಲೆ ಹೇಳಿದ. ಶೃಂಗಾರ ಅನ್ನೂ ರಸಾ ನಾಚಿಕಿ ಸ್ವಭಾವದ್ದು, ಒಬ್ಬಂಟಿ ಬರೂದಿಲ್ಲ. ಹಾಸ್ಯದ ಸೆರಗ ಹಿಡಕೊಂಡು ಬರತೈತಿ. ಹಳೇ ಕವಿಗಳು ಹೂವಿನ ಬಾಣ ಅಂದ್ರು. ಈ ಕವಿ ಉಪ್ಪಿಟ್ಟು ಅಂದಾನ. ಬಾಣ ನಟ್ಟೂ ಜಾಗಾ ಮಾತ್ರ ಅದ ಐತಿ.”

ಕಾಕು, “ಹಂಗಾರ ಹುಚ್ಚ ಅಲ್ಲ ಬಿಡವಾ, ಶಾಣ್ಯಾ ಅದಾನ,” ಎಂದಳು. ತಂದೆಯವರು ನಕ್ಕರು. ಅರ್ಥದ ಆಸನದಲ್ಲಿ ಕುಳಿತು ಅವರು ನಕ್ಕದ್ದನ್ನು ನಾನು ಕಂಡದ್ದು ಅಂದೇ.

ಕಾಕಾ ಕಂಬದ ಬಳಿಯಿಂದಲೇ ಕೇಳಿದರು: “ಎಲ್ಲಾ ಖರೇ ಪಂಡಿತರ. ಆದ್ರ ಇದರಾಗ ದೇವರು ಎಲ್ಲಿ ಅದಾನ್ರಿ?”

“ಒಲ್ಲೆ ಅನ್ನೂ ಇಬ್ಬರನ್ನ, ಯಾರ ಮನಸ್ಸೂ ನೋಯಲಾರದಂಗ ಕೂಡಸೂದು ಮನಷ್ಯಾನ ಕೆಲಸ ಅಂತ ತಿಳದೀರೇನು?” ಎಂದರು ತಂದೆಯವರು. ತುಂಬಿದ ಪಡಸಾಲೆಯ ಕಡೆ ಕೈತೋರಿ, “ನೋಡ್ರಿ, ಕನ್ನಡಾ ಕೇಳಾಕ ಈ ಊರಾಗ ಇಷ್ಟ ಮಂದಿ ಹೆಣಮಕ್ಕಳು ಕುಂತದ್ದು ನಾ ಕಂಡಿದ್ದಿಲ್ಲ. ಶ್ರಾವಣದಾಗ ಪುರಾಣ ನಡೀಲಿ. ಉಳದ ತಿಂಗಳು ಇವೂ ನಡೀಲಿ. ಪೀಠ ಇಲ್ಲೇ ಇರಲಿ,” ಎಂದರು.

ಅತ್ತೆಯವರು ಸೆರಗಿನಿಂದ ಕಣ್ಣೊರಸಿಕೊಂಡು, “ಮುಂದ ಓದವಾ, ಹೊತ್ತಾತು,” ಎಂದರು.

ಆ ಕಾದಂಬರಿಕಾರನನ್ನು ತಂದೆಯವರು ಕವಿ ಎಂದರು. ಆ ಪದವನ್ನು ಅವರು ಬಹಳ ಕೃಪಣತೆಯಿಂದ ಬಳಸುತ್ತಿದ್ದರು. ಪದ್ಯ ಕಟ್ಟುವ ತಮ್ಮ ಸಹಪಾಠಿಗಳಿಗೂ ಅದನ್ನು ಕೊಟ್ಟವರಲ್ಲ. ಹೊಸದರ ಮುಂದೆ ಕುಳಿತು ಅದನ್ನು ಹಳೆಯದರ ಅಳತೆಗೋಲಿನಿಂದಲೇ ನ್ಯಾಯವಾಗಿ ಅಳೆದು, ಅಳತೆಗೆ ಬಂದದ್ದನ್ನು ಬಂದಿತೆಂದು ತುಂಬಿದ ಸಭೆಯಲ್ಲಿ ಹೇಳಿದ ಆ ತಂದೆಯ ಮಗಳು ನಾನೆಂಬ ಹೆಮ್ಮೆ ನನಗೆ ಇಂದಿಗೂ ಕಡಿಮೆಯಾಗಿಲ್ಲ. ಶಾಸ್ತ್ರ ಓದಿದವರು ಹೊಸ ಪುಸ್ತಕಕ್ಕೆ ಬಾಗಿಲು ಹಾಕುತ್ತಾರೆಂದು ಯಾರಾದರೂ ಹೇಳಿದರೆ ಆ ಚಾಪೆ ನನ್ನ ಕಣ್ಣಮುಂದೆ ಬರುತ್ತದೆ.

ತಂದೆಯವರು ಮರುದಿನ ಹೊರಡಬೇಕಾಗಿತ್ತು, ಮಂಗಳದವರೆಗೆ ಉಳಿದರು. ಏತಕ್ಕೆಂದು ನಾನು ಕೇಳಿದಾಗ, “ಕೂಡ್ತಾರೋ ಇಲ್ಲೋ ನೋಡಬ್ಯಾಡೇನು?” ಎಂದರು. ಪುರಾಣದಲ್ಲಿ ಮದುವೆಯ ಪ್ರಸಂಗ ಬಂದಾಗ ಕೇಳುವವರು ಪುಸ್ತಕದ ಮೇಲೆ ಅಕ್ಷತೆ ಹಾಕುವುದು ನಮ್ಮ ಕಡೆಯ ಪದ್ಧತಿ. ಕೊನೆಯ ಅಧ್ಯಾಯ ಓದುವ ದಿನ ಹೇಳದೆಯೇ ಎಲ್ಲರ ಮುಷ್ಟಿಯಲ್ಲಿ ಅರಿಸಿನದ ಅಕ್ಕಿ ಇತ್ತು. ವಕೀಲನೂ ಶಿಕ್ಷಕಿಯೂ ಮಾಲೆ ಹಾಕಿಕೊಂಡ ವಾಕ್ಯಕ್ಕೆ ಬಂದೊಡನೆ ಪುಸ್ತಕದ ಮೇಲೆ, ನನ್ನ ತಲೆಯ ಮೇಲೆ, ತಂದೆಯವರ ಶಾಲಿನ ಮೇಲೆ ಅಕ್ಷತೆ ಬಿತ್ತು. ಅತ್ತೆಯವರು ಕಥೆಯ ಹುಡುಗಿಗೆಂದು ತೆಗೆದಿಟ್ಟಿದ್ದ ಕುಪ್ಪಸದ ಕಣ, ತೆಂಗಿನಕಾಯಿಗಳಿಂದ ಮೂಲೆಯ ಮನೆಯ ಸೊಸೆಯ ಉಡಿ ತುಂಬಿದರು. ಆಮೇಲೆ ಮಂಗಳಾರತಿ. ಪುಸ್ತಕ ಪೀಠದಿಂದ ಇಳಿಯಿತು.

ಇಳಿದ ಕ್ಷಣವೇ ಆ ಸೊಸೆ ಕೇಳಿದಳು: “ಅತ್ತಿ, ಇಂಥಾದು ಇನ್ನೊಂದು ಎಲ್ಲಿ ಸಿಗತೈತ್ರಿ?”

ಅಲ್ಲಿಂದ ನಮ್ಮ ಹುಡುಕಾಟ ಮೊದಲಾಯಿತು. ಒಂದು ಪುಸ್ತಕದ ಕೊನೆಯ ಹಾಳೆಯಲ್ಲಿ ಅದೇ ಮುದ್ರಣಾಲಯದ ಬೇರೆ ಪುಸ್ತಕಗಳ ಹೆಸರಿರುತ್ತದೆಂದು ನಾನು ಕಂಡುಕೊಂಡೆ. ಹಾಗೆ ಒಂದು ಪುಸ್ತಕ ಇನ್ನೊಂದರ ಮನೆಯನ್ನು ತೋರಿಸುತ್ತಿತ್ತು. ವಿಜಾಪುರದ ಕಡೆಗೆ ಯಾರೇ ಹೋಗಲಿ, ಅವರಿಗೆ ಹೆಸರು ಬಾಯಿಪಾಠ ಮಾಡಿಸಿ ಕಳುಹಿಸುತ್ತಿದ್ದೆವು. ಹೋಟಗಿಯ ವ್ಯಾಪಾರಿ ಅತ್ತೆಯವರನ್ನು ಗುರುತಿಟ್ಟುಕೊಂಡ. ಅಕ್ಷರ ಬಾರದ ಅವರು ಅವನಿಗೆ ಎರಡೇ ಪ್ರಶ್ನೆ ಕೇಳುತ್ತಿದ್ದರು: “ನಗಸತೈತೇನು? ಕಡೀಕ ಕೂಡಸತೈತೇನು?” ವಿಮರ್ಶೆಯ ಗ್ರಂಥಗಳನ್ನು ಓದಿದ ನಾನು ಇದಕ್ಕಿಂತ ಒಳ್ಳೆಯ ಪ್ರಶ್ನೆಗಳನ್ನು ಆ ಜಾತಿಯ ಕಾದಂಬರಿಗೆ ಇಂದಿಗೂ ಹೊಂದಿಸಲಾರೆ. ಇನ್ನೊಂದು ಮಾತು ಹೇಳಲೇಬೇಕು. ಗದ್ಯಕ್ಕೆ ಕಿವಿ ತೆರೆದ ಆ ಅಕ್ಕಂದಿರು ಮುಂದಿನ ಶ್ರಾವಣದಲ್ಲಿ ಷಟ್ಪದಿಗೂ ಕುಳಿತರು. ಪದ್ಯ ತಿಳಿಯದಿದ್ದಾಗ ಕೇಳಿದರು. ಮೂವತ್ತರ ದಶಕದುದ್ದಕ್ಕೂ ತಂದೆಯವರು ಶ್ರಾವಣಕ್ಕೊಮ್ಮೆ ಬಂದು ಆ ಚಾಪೆಯ ಮೇಲೆ ಕುಳಿತರು.

ಆ ಮೊದಲ ವರ್ಷದ ದೀಪಾವಳಿಗೆ ಮುಂಚೆ ಒಂದು ಬೆಳಗ್ಗೆ ಕಾಕಾ ಯಾರಿಗೂ ಹೇಳದೆ ಪೀಠವನ್ನು ಎತ್ತಿಕೊಂಡು ಹೋಗಿದ್ದರು. ದೇವರ ಕೋಣೆಯ ಮುಂದೆ ಅದು ಕಾಣದಾದಾಗ ಮಠಕ್ಕೇ ಹೋಯಿತೆಂದುಕೊಂಡೆ. ಅತ್ತೆಯವರು ಹೂ ಕಟ್ಟುತ್ತ ಕುಳಿತರು. ಮಧ್ಯಾಹ್ನ ಕಾಕಾ ಹಿಂದಿರುಗಿದರು. ಪೀಠ ಅವರ ಕಂಕುಳಲ್ಲಿಯೇ ಇತ್ತು. ಬಹುದಿನಗಳಿಂದ ಸೀಳುಬಿಟ್ಟಿದ್ದ ಕಾಲನ್ನು ತೆಗೆಸಿ ಬಡಿಗೇರನಿಂದ ಹೊಸ ಬೀಟಿಯ ಕಾಲು ಹಾಕಿಸಿದ್ದರು.

“ಕಾಲ ಗಟ್ಟಿ ಮಾಡಸೀನಿ ವೈನಿ,” ಎಂದು ಅದನ್ನು ಅದರ ಜಾಗದಲ್ಲಿ ಊರಿದರು. ಹೋಗುವವರಂತೆ ಬಾಗಿಲವರೆಗೆ ನಡೆದು, ತಿರುಗಿ ನಿಂತು, ಗೂಡಿನಲ್ಲಿ ಮಡಿಬಟ್ಟೆ ಸುತ್ತಿ ಇಟ್ಟಿದ್ದ ಹೊಸ ಪುಸ್ತಕದ ಕಡೆ ನೋಡಿದರು. “ಅಲ್ಲಾ, ಇದರಾಗೂ ಉಪ್ಪಿಟ್ಟು ಐತೇನು?”

ಅತ್ತೆಯವರು ಹೂವಿನಿಂದ ತಲೆಯೆತ್ತದೆ ಹೇಳಿದರು: “ಬಿಚ್ಚಿದ ಮ್ಯಾಲ ಗೊತ್ತಾಗತೈತಿ ತಮ್ಮಾ. ಸೋಮವಾರ ಲಗೂನ ಬಾ. ತಡಾ ಆದ್ರ ಕಂಬದ ಹಂತೇಲಿ ಜಾಗಾ ಸಿಗಂಗಿಲ್ಲ.”